ಈ ಮನೆಯಲ್ಲಿ ಕನ್ನಡ ಓದುವವರಿಲ್ಲ

ಕರಜಗಿ
೫ ಜನವರಿ

ಮಗಳಂಥ ದೀಪಾಲಿಗೆ,

ಮೂರು ತೋಳಗಳನ್ನು ಬರೀ ಬೈಗುಳದಿಂದ ಓಡಿಸಿದ ಮನುಷ್ಯ ಇಡೀ ಮಹಾರಾಷ್ಟ್ರದಲ್ಲಿ ಒಬ್ಬನೇ ಇದ್ದಾನೆ. ಅವನು ನಿನ್ನ ಸೋದರಮಾವ ಶಿದ್ರಾಯ. ಕಳೆದ ಅಮಾವಾಸ್ಯೆಯ ಮುಂಜಾನೆ ಮೂರೂ ಸೇರಿ ನಮ್ಮ ಕುರಿದೊಡ್ಡಿಗೆ ಬಂದವು. ಕೈಯಲ್ಲಿ ಬಡಿಗೆ ಇರಲಿಲ್ಲ. ಮೊದಲು ಮರಾಠಿಯಲ್ಲಿ ಬೈದೆ, ಕದಲಲಿಲ್ಲ. ಗಡಿಯಾಚೆಯ ತೋಳಗಳು, ಪಾಪ, ತಿಳಿಯಲಿಲ್ಲ. ಆಮೇಲೆ ಕನ್ನಡದಲ್ಲಿ ಒಂದೇ ಮಾತು ಬೈದೆ ನೋಡು, ಬಾಲ ಮುದುರಿಕೊಂಡು ತಿಕೋಟಾದ ದಾರಿ ಹಿಡಿದವು. ಇಂಥವನು ಬೆನ್ನಿಗಿರುವಾಗ ನೀನು ಅಂಜುವುದು ನಮ್ಮ ಮನೆತನಕ್ಕೆ ಶೋಭೆಯಲ್ಲ.

ಈಗ ಕೆಲಸದ ಮಾತು. ನಿನ್ನ ಪೊಲೀಸ್ ಭರತಿಯ ಅರ್ಜಿಯನ್ನು ಜತ್ತದ ಕಂಪ್ಯೂಟರ್ ಅಂಗಡಿಯಲ್ಲಿ ಕುಳಿತು ತುಂಬಿಸಿದೆ. ನಿನ್ನ ಶಾಲೆಯ ದಾಖಲೆಗಳೆಲ್ಲ ನನ್ನ ಟ್ರಂಕಿನಲ್ಲೇ ಇದ್ದದ್ದು ಚಲೋ ಆಯಿತು. ಅಂಗಡಿಯವನು ನಿನ್ನ ಹುಟ್ಟಿದ ತಾರೀಖು ನೋಡಿ, ಈ ಸಲ ತಪ್ಪಿದರೆ ಮುಗಿಯಿತು, ಮುಂದಿನ ಭರತಿಗೆ ಇವರ ವಯಸ್ಸು ಮೀರುತ್ತದೆ ಎಂದ. ಅಂದರೆ ಇದೊಂದೇ ಸಲ. ಎಂಟುನೂರು ಮೀಟರ್ ಓಡಬೇಕು, ನಾಲ್ಕು ಕಿಲೋ ಗುಂಡು ಎಸೆಯಬೇಕು, ಆಮೇಲೆ ಬರವಣಿಗೆಯ ಪರೀಕ್ಷೆ. ಸಂಕ್ರಮಣದ ಎಳ್ಳುಬೆಲ್ಲ ಕೊಡಲು ಬರುವಾಗ ಇಪ್ಪತ್ತು ಮೀಟರಿನ ಹಗ್ಗ ತರುತ್ತೇನೆ. ಕುರಿ ಕಟ್ಟಲು ಎಂದು ಹೇಳು. ಮಾಳದ ಮೇಲೆ ನಲವತ್ತು ಸಲ ಅಳೆದರೆ ನಿನ್ನ ಮೈದಾನ ಆಯಿತು.

ಫೋನ್ ಮಾತ್ರ ಮಾಡಬೇಡ. ನಿಮ್ಮ ಮನೆಯ ಒಂದೇ ಫೋನು ನಿಮ್ಮ ಮಾವ ಭರಮಣ್ಣ ಬೀಗರ ಅಂಗಿಯ ಕಿಸೆಯಲ್ಲಿ, ಮಾತೆಲ್ಲ ಸ್ಪೀಕರಿನಲ್ಲಿ. ಅದಕ್ಕೇ ಈ ಯುಕ್ತಿ. ನಿಮ್ಮ ಯಳವಿಯ ಮನೆಯಲ್ಲಿ ಮಾತು ಕನ್ನಡವಾದರೂ ಓದು ಮರಾಠಿ. ಬೀಗರು ಮರಾಠಿ ಪೇಪರು ಓದುತ್ತಾರೆ, ನಿನ್ನ ಗಂಡ ರಾಮಲಿಂಗ ಮರಾಠಿ ಹತ್ತನೆಯವರೆಗೆ ಕಲಿತವನು. ನಿನ್ನ ಅತ್ತೆ ಬೀರವ್ವನವರಂತೂ ಹೆಂಗಸರ ಉಳಿತಾಯದ ಬಚತ ಗಟದ ಪಾಸಬುಕ್ಕಿಗೂ ಹೆಬ್ಬೆಟ್ಟು ಒತ್ತುತ್ತಾರೆ. ಕನ್ನಡದ ಅಕ್ಷರವೂ ಜಿಲೇಬಿಯೂ ಆ ಬೀಗತಿಗೆ ಒಂದೇ. ಆದ್ದರಿಂದ ಪತ್ರ ರಾಜಾರೋಷವಾಗಿ ಬರಲಿ. ಯಾರಾದರೂ ಕೇಳಿದರೆ, ಮಾಮಾ ಗುಡ್ಡಾಪುರದ ದಾನಮ್ಮದೇವಿಯ ಪದ ಬರೆದು ಕಳಿಸುತ್ತಾನೆ ಎನ್ನು.

ನಿನ್ನ ಶೂರ ಮಾಮಾ,
ಶಿದ್ರಾಯ


ಯಳವಿ
೨೦ ಜನವರಿ

ಮಾಮಾ,

ಟಪಾಲಿನವನು ನನ್ನ ಹೆಸರು ಕೂಗಿದಾಗ ನಾನು ರೊಟ್ಟಿ ಬಡಿಯುತ್ತಿದ್ದೆ. ಕೈ ಹಿಟ್ಟಿನಲ್ಲೇ ನಿಂತುಹೋಯಿತು. ಈ ಮನೆಗೆ ಬಂದ ಐದು ವರ್ಷದಲ್ಲಿ ನನ್ನ ಹೆಸರಿಗೆ ಒಂದು ಚೀಟಿಯೂ ಬಂದಿರಲಿಲ್ಲ. ಪತ್ರವನ್ನು ಅತ್ತೆ ಇಸಿದುಕೊಂಡರು, ಒಡೆದು ಆ ಕಡೆ ಈ ಕಡೆ ಹೊರಳಿಸಿ ಭಾಳ ಹೊತ್ತು ನೋಡಿದರು. ಆಮೇಲೆ ನನ್ನ ಮುಂದೆ ಕುಳಿತು, "ಏನ ಬರದಾನ ನಿಮ್ಮ ಮಾಮಾ? ಓದಿ ಹೇಳು," ಎಂದರು. ಮಾವನವರು ಅಲ್ಲೇ ಹೊರಸಿನ ಮೇಲೆ ಪೇಪರು ಹಿಡಿದಿದ್ದರು.

ನೀನು ಪದ ಎಂದು ಹೇಳಿಬಿಟ್ಟೆ. ಹಾಡುವವಳು ನಾನಲ್ಲವೇ? ಕಣ್ಣು ನಿನ್ನ ಎಂಟುನೂರು ಮೀಟರಿನ ಸಾಲಿನ ಮೇಲಿತ್ತು, ಬಾಯಿಗೆ ಬಂದದ್ದು ಅದೇ. "ಎಂಟುನೂರು ಹೆಜ್ಜಿ ನಡದ ಬಂದೆ ತಾಯಿ, ಬಾಗಿಲಾ ತೆರಿ ದಾನಮ್ಮ" ಎಂದು ಹಾಡಿದೆ. ದನಿ ನಡುಗಿತು, ಅವರು ಅದನ್ನು ಭಕ್ತಿ ಎಂದುಕೊಂಡಿರಬೇಕು. ಕಣ್ಣು ಮುಚ್ಚಿ ಕೇಳಿ, "ಭಾಳ ಚಲೋ ಪದ. ಇನ್ನೂ ಕಳಸು ಅಂತ ಬರಿ," ಎಂದರು.

ಮಾಮಾ, ನನಗೆ ಅಂಜಿಕೆ ಯಾಕೆ ಎಂದು ಕೇಳುತ್ತೀ. ನಾದಿನಿ ಸುನಿತಾಳ ಸಂಗತಿ ನಿನಗೆ ಗೊತ್ತಿಲ್ಲ. ನರ್ಸ್ ಆಗುತ್ತೇನೆಂದು ಹಟ ಹಿಡಿದಿದ್ದಳು. ಮಾವನವರು ಬೈಯಲಿಲ್ಲ, ಹೊಡೆಯಲಿಲ್ಲ. ಒಂದು ಮುಂಜಾನೆ ಅವಳ ಪುಸ್ತಕಗಳನ್ನು ನೀರೊಲೆಗೆ ಹಾಕಿ ಆ ನೀರಿನಲ್ಲೇ ಸ್ನಾನ ಮಾಡಿದರು. ಎಂಟು ದಿನದಲ್ಲಿ ಅವಳ ಮದುವೆ ಆಯಿತು. ಅವಳಿಗಾದರೂ ಹೋಗಲು ಇನ್ನೊಂದು ಮನೆ ಸಿಕ್ಕಿತು. ಈ ಮನೆಯ ಬಾಗಿಲು ಮುಚ್ಚಿದರೆ ನನಗೆ ಅವ್ವನೂ ಇಲ್ಲ, ಅಪ್ಪನೂ ಇಲ್ಲ, ನೀನೊಬ್ಬನೇ.

ಆದರೂ ಓಡುತ್ತಿದ್ದೇನೆ. ಇವರು ದೊಡ್ಡ ಹಿಂಡು ಹೊಡೆದುಕೊಂಡು ಕರಾಡದ ಕಡೆ ಹೋದವರು ಮಳೆ ಬೀಳುವ ತನಕ ಬರುವುದಿಲ್ಲ. ಮನೆಯಲ್ಲಿ ಉಳಿದ ಮರಿಗಳನ್ನು ಮಾಳಕ್ಕೆ ಕರೆದೊಯ್ಯುವುದು ನನ್ನ ಕೆಲಸ. ನಾನು ಓಡಿದರೆ ಮರಿಗಳೂ ಓಡುತ್ತವೆ. ದೂರದಿಂದ ನೋಡಿದವರು ನಾನು ಮರಿ ಹಿಡಿಯಲು ಓಡುತ್ತಿದ್ದೇನೆ ಎಂದುಕೊಳ್ಳುತ್ತಾರೆ. ಎಸೆಯುವ ಗುಂಡಿನ ಬದಲು ಅಡಿಗೆಮನೆಯ ಖಾರ ಅರೆಯುವ ಗುಂಡುಕಲ್ಲೇ ಆಯಿತು. ಅಂಗಡಿಯಲ್ಲಿ ತೂಗಿಸಿದೆ, ನಾಲ್ಕು ಕಿಲೋಕ್ಕೆ ತುಸು ಹೆಚ್ಚು. ಹುಲ್ಲಿನ ಬುಟ್ಟಿಯಲ್ಲಿ ಮುಚ್ಚಿ ಒಯ್ಯುತ್ತೇನೆ.

ಸಂಕ್ರಮಣದ ದಿನ ಎಲ್ಲರ ಎದುರಿಗೆ ಮಾತಾಡಲು ಆಗದೆ, ಎಳ್ಳಿನ ಡಬ್ಬಿಯಲ್ಲಿ ಮುಚ್ಚಿ ನಿನಗೆ ಕೊಟ್ಟ ಬೋರಮಾಳ ಜೋಪಾನ. ಮದುವೆಯಲ್ಲಿ ಅತ್ತೆ ತಮ್ಮ ಕೈಯಾರೆ ಹಾಕಿದ ಬಂಗಾರದ ಸರ ಅದು. ಬೂಟು, ಪುಸ್ತಕ, ಸಾಂಗ್ಲಿಯ ಖರ್ಚು ಇಷ್ಟಕ್ಕೇ ಎಷ್ಟು ಬೇಕೋ ಅಷ್ಟು ಅಡವಿಗೆ ಎತ್ತು. ಯುಗಾದಿಗೆ ಅದು ನನ್ನ ಕೊರಳಲ್ಲಿ ಇರಲೇಬೇಕು.

ನಿನ್ನ,
ದೀಪಾಲಿ


ಕರಜಗಿ
೬ ಫೆಬ್ರುವರಿ

ದೀಪಾಲಿಗೆ,

ನಿನ್ನ ಪತ್ರ ಓದಿ ನಕ್ಕು ನಕ್ಕು ನನ್ನ ಟಗರಿಗೆ ಗಾಬರಿ ಆಯಿತು. ನಿನ್ನ ಪದ ನಮ್ಮ ಊರಿನ ಭಜನೆಯವರ ಕಿವಿಗೆ ಬಿದ್ದರೆ ಮರುದಿನವೇ ಹಾಡಿಯಾರು. ಹೆದರಬೇಡ, ಎಲ್ಲವೂ ನಾನು ಬರೆದ ಹಾಗೆ ನಡೆಯುತ್ತಿದೆ.

ಬೂಟು ನಾನು ಕುರಿಗೆಂದು ಕಳಿಸಿದ ಹಿಂಡಿ ಚೀಲದ ಒಳಗಿದೆ, ಹಿಂಡಿ ಕುರಿಗೆ, ಬೂಟು ನಿನಗೆ, ಅದಲುಬದಲು ಮಾಡಬೇಡ. ಬಣವೆಯೊಳಗೆ ಮುಚ್ಚಿಡು. ಓಡುವವರು ಮುಂಜಾನೆ ನೆನೆಸಿದ ಶೇಂಗಾ ಮತ್ತು ಬೆಲ್ಲ ತಿನ್ನಬೇಕು, ಹಸಿದ ಹೊಟ್ಟೆಯಲ್ಲಿ ಓಡಬಾರದು. ಇದನ್ನು ನನಗೆ ಯಾರೂ ಹೇಳಿಲ್ಲ, ನನ್ನ ಟಗರಿನ ಮೇಲೆ ಪ್ರಯೋಗ ಮಾಡಿ ತಿಳಿದದ್ದು. ಗುಂಡು ಎಸೆಯುವಾಗ ಉಸಿರು ಬಿಗಿಹಿಡಿ, ಕೈಯಿಂದ ಎಸೆಯಬೇಡ, ಸೊಂಟದಿಂದ ಎಸೆ.

ಇನ್ನೊಂದು ದೊಡ್ಡ ಸುದ್ದಿ. ಜತ್ತದ ಚಹಾದಂಗಡಿಯಲ್ಲಿ ಒಬ್ಬ ದೊಡ್ಡ ಮನುಷ್ಯ ಪರಿಚಯವಾದ. ಬಿಳಿ ಕಾರು, ಎರಡು ಫೋನು, ಬೆರಳಿಗೆ ನಾಲ್ಕು ಉಂಗುರ. ನನ್ನ ಮಾತು ಕೇಳಿ ಎದ್ದು ನಿಂತು, ನಿಮ್ಮಂಥ ತಿಳಿವಳಿಕೆಯವರು ಈ ತಾಲೂಕಿನಲ್ಲಿ ಅಪರೂಪ ಎಂದ. ಭರತಿಯವರೆಲ್ಲ ಅವನ ಕೈಯಲ್ಲಿದ್ದಾರಂತೆ. ನೀನು ಮೈದಾನಕ್ಕೆ ಹೋಗಿ ನಿಂತರೆ ಸಾಕಂತೆ, ಉಳಿದದ್ದೆಲ್ಲ ಸೆಟಿಂಗ್. ಬೋರಮಾಳ ಅಡವಿಟ್ಟು ಬಂದ ರೊಕ್ಕದಲ್ಲಿ ಸ್ವಲ್ಪ ಅವನಿಗೂ ಕೊಟ್ಟಿದ್ದೇನೆ. ಎಷ್ಟು ಎಂದು ಕೇಳಬೇಡ, ನಿನ್ನ ಮಾಮಾ ಬೆಪ್ಪನಲ್ಲ.

ಇಷ್ಟು ಜನರನ್ನು ಒಲಿಸಿಕೊಂಡವನು,
ಶಿದ್ರಾಯ ಮಾಮಾ


ಯಳವಿ
೧೮ ಫೆಬ್ರುವರಿ

ಮಾಮಾ,

ಸೆಟಿಂಗ್ ಬೇಡ. ಇದನ್ನು ಮೊದಲು ಬರೆಯುತ್ತೇನೆ, ನೀನು ಉಳಿದದ್ದನ್ನು ಓದದೆ ಬಿಟ್ಟರೂ ಸರಿ. ಇವತ್ತೇ ಜತ್ತಕ್ಕೆ ಹೋಗಿ ಆ ಮನುಷ್ಯನಿಂದ ರೊಕ್ಕ ವಾಪಸ್ ಇಸಿದುಕೊ. ನಾನು ಎಂಟುನೂರು ಮೀಟರನ್ನು ಮೂರು ನಿಮಿಷದ ಒಳಗೆ ಓಡುತ್ತಿದ್ದೇನೆ. ನನಗೆ ನನ್ನ ಕಾಲು ಸಾಕು.

ಇನ್ನು ಇಲ್ಲಿಯ ಮಾತು. ನಿನ್ನ ಪತ್ರ ಬಂದ ಮೂರನೆಯ ದಿನ ಮರಿ ಹೊಡೆದುಕೊಂಡು ಹೊರಟಿದ್ದೆ. ಅತ್ತೆ ಕರೆದು ಕೈಗೆ ಒಂದು ವಾಟಗ ಕೊಟ್ಟರು. ಒಳಗೆ ನೆನೆಸಿದ ಶೇಂಗಾ, ಮೇಲೆ ಬೆಲ್ಲದ ಹೆಂಟೆ. "ಹಸದ ಹೊಟ್ಟೀಲೆ ಮಾಳಕ್ಕ ಹೋಗಬ್ಯಾಡ," ಎಂದರು. ಆ ದಿನ ಓಡಲಿಲ್ಲ, ಬಂಡೆಯ ಮೇಲೆ ಸುಮ್ಮನೆ ಕುಳಿತೆ. ಶೇಂಗಾ ಎಲ್ಲರ ಮನೆಯಲ್ಲೂ ನೆನೆಸುತ್ತಾರೆ ಎಂದು ನನಗೆ ನಾನೇ ಹೇಳಿಕೊಂಡೆ. ಈ ಮನೆಯಲ್ಲಿ ಐದು ವರ್ಷದಲ್ಲಿ ಒಮ್ಮೆಯೂ ನೆನೆಸಿರಲಿಲ್ಲ.

ನಿನ್ನೆ ಇನ್ನೊಂದು. ಖಾರ ಅರೆಯಲು ಕುಳಿತವರು ಗುಂಡುಕಲ್ಲನ್ನು ಕೈಯಲ್ಲಿ ಹಿಡಿದು, "ಇದಕ್ಕ ಮಣ್ಣ ಹೆಂಗ ಹತ್ತೇತಿ?" ಎಂದರು. ಕೈ ಜಾರಿ ಅಂಗಳದಲ್ಲಿ ಬಿತ್ತು ಎಂದೆ. ನನ್ನ ಮುಖ ನೋಡಿದರು. ಎರಡು ಸಲ ನೀರು ಹಾಕಿ ತೊಳೆದು ಅರೆಯಲು ಹತ್ತಿದರು. ಬೈದಿದ್ದರೆ ಚಲೋ ಇತ್ತು. ಈ ಮನೆಯಲ್ಲಿ ಯಾರೂ ಬೈಯುವುದಿಲ್ಲ, ಅದೇ ನನಗೆ ಅಂಜಿಕೆ.

ಪತ್ರಗಳನ್ನು ಜೋಳದ ಡಬ್ಬಿಯ ತಳಕ್ಕೆ ಇಟ್ಟಿದ್ದೇನೆ. ಸುಡಲು ಮನಸ್ಸಾಗುವುದಿಲ್ಲ.

ದೀಪಾಲಿ


ಕರಜಗಿ
೮ ಮಾರ್ಚ್

ದೀಪಾಲಿಗೆ,

ತಡವಾಗಿ ಬರೆಯುತ್ತಿದ್ದೇನೆ. ಕೈಗೆ ಮುಳ್ಳು ನೆಟ್ಟಿತ್ತು. ಮುಳ್ಳು ಎಂದರೆ ಸಾದಾ ಮುಳ್ಳಲ್ಲ, ಬೇರೆಯವರಾಗಿದ್ದರೆ ಆಸ್ಪತ್ರೆ ಸೇರುತ್ತಿದ್ದರು.

ಆ ಬಿಳಿ ಕಾರಿನವನ ಎರಡೂ ಫೋನು ಬಂದ್ ಇವೆ. ಚಹಾದಂಗಡಿಯವನನ್ನು ಕೇಳಿದರೆ, "ಯಾರ್ರಿ ಅವ್ರು? ನನಗೂ ಹದಿನೆಂಟ ಚಹಾದ ರೊಕ್ಕ ಕೊಡೂದೈತಿ," ಎಂದ. ಗಾಬರಿ ಆಗಬೇಡ. ಹೋದದ್ದು ಮೂರು ಸಾವಿರ, ಅಷ್ಟೇ. ಒಂದು ಮರಿಯ ಬೆಲೆಯೂ ಅಲ್ಲ. ನನ್ನಂಥವನಿಗೆ ಮೂರು ಸಾವಿರ ಎಂದರೆ ಎಲೆಅಡಿಕೆಯ ಖರ್ಚು.

ಬೋರಮಾಳ ಅಂಗಡಿಯ ತಿಜೋರಿಯಲ್ಲಿ ನನಗಿಂತ ಸುಖವಾಗಿದೆ. ಯುಗಾದಿಗೆ ತುಸು ಹಿಂದೆಮುಂದೆ ಆದೀತು. ಯಾರಾದರೂ ಕೇಳಿದರೆ ಏನಾದರೂ ಹೇಳು, ನಿನಗೆ ಪದ ಕಟ್ಟಲು ಬರುತ್ತದಲ್ಲ.

ಬೀರವ್ವನವರ ಶೇಂಗಾದ ವಿಷಯ ಓದಿದೆ. ನನಗೆ ಅಂಜಿಕೆ ಎಂಬುದು ಗೊತ್ತಿಲ್ಲ, ಆದರೂ ಪತ್ರಗಳನ್ನು ಸುಟ್ಟುಬಿಡು. ತೋಳ ಬಂದಾಗಲೂ ನಾನು ಬೆಂಕಿ ಹಚ್ಚಿಯೇ ಮಲಗುತ್ತೇನೆ.

ನಿನ್ನ ಮಾಮಾ,
ಶಿದ್ರಾಯ


ಯಳವಿ
೨ ಏಪ್ರಿಲ್

ಮಾಮಾ,

ಯುಗಾದಿ ದಾಟಿತು. ಬೋರಮಾಳ ಬರಲಿಲ್ಲ, ನೀನೂ ಬರಲಿಲ್ಲ.

ನಿನ್ನೆ ಮಾವನವರ ತಂಗಿಯ ಮಗಳ ಮದುವೆ. ಹಸಿರು ಸೀರೆ ಉಟ್ಟು, ಸೆರಗನ್ನು ಕೊರಳಿಗೆ ಸುತ್ತಿಕೊಂಡು ಹೋದೆ. ಬಿಸಿಲಿಗೆ ಬೆವರು ಹರಿಯುತ್ತಿತ್ತು, ಆದರೂ ಸೆರಗು ತೆಗೆಯಲಿಲ್ಲ. ಅಕ್ಕಿ ಹಾಕುವ ಹೊತ್ತಿಗೆ ಸೆರಗು ಜಾರಿತು. ಮಾವನವರ ತಂಗಿ ಎಲ್ಲರ ಎದುರಿಗೆ, "ಯಾಕ ದೀಪಾಲಿ, ಬೋರಮಾಳ ಎಲ್ಲೈತಿ? ಬರೇ ಕರಿಮಣೀಲೆ ಬಂದೀಯಲ್ಲ," ಎಂದರು. ಸುತ್ತಲಿನ ಹೆಂಗಸರೆಲ್ಲ ನನ್ನ ಕೊರಳ ಕಡೆ ತಿರುಗಿದರು. ಹಿಂದೆ ಮಾವನವರು ನಿಂತಿದ್ದರು. ನನಗೆ ಒಂದು ಸುಳ್ಳೂ ಹೊಳೆಯಲಿಲ್ಲ. ಪದ ಕಟ್ಟುವುದು ಬೇರೆ, ಮಾಮಾ.

ಆಗ ಅತ್ತೆ, ತಲೆ ಎತ್ತದೆ, ಎಲೆಗೆ ಸುಣ್ಣ ಹಚ್ಚುತ್ತಲೇ ಹೇಳಿದರು. "ನಾನ ಪತ್ತಾರಗ ಕೊಟ್ಟೀನಿ. ದಾರ ಹಳೇದಾಗಿತ್ತು, ಹೊಸಾದಾಗಿ ಪೋಣಿಸಾಕ."

ಅವರು ಯಾವ ಪತ್ತಾರನಿಗೂ ಏನೂ ಕೊಟ್ಟಿಲ್ಲ. ಬೋರಮಾಳ ಮನೆಯಲ್ಲಿ ಇಲ್ಲವೆಂದು ಅವರಿಗೆ ಹೇಗೆ ಗೊತ್ತು? ಗೊತ್ತಿದ್ದರೆ ನನ್ನನ್ನು ಯಾಕೆ ಕೇಳಲಿಲ್ಲ? ಮನೆಗೆ ಬರುವಾಗ ಟಂಟಂ ಆಟೋದಲ್ಲಿ ಅವರ ಪಕ್ಕದಲ್ಲೇ ಕುಳಿತಿದ್ದೆ. ಇಳಿಯುವಾಗ ನನ್ನ ಮೊಣಕಾಲಿನ ತರಚು ಗಾಯ ನೋಡಿ, "ಅರಿಶಿಣ ಹಚ್ಚಿಕೋ," ಎಂದಷ್ಟೇ ಅಂದರು. ಅದು ಓಡುವಾಗ ಬಿದ್ದ ಗಾಯ.

ಸುನಿತಾಳಿಗೂ ಹೀಗೇ ಆಗಿತ್ತಂತೆ. ಪುಸ್ತಕ ಸುಡುವ ಹಿಂದಿನ ದಿನದವರೆಗೂ ಎಲ್ಲರೂ ಚಲೋ ಮಾತಾಡಿದ್ದರಂತೆ.

ದೀಪಾಲಿ


ಕರಜಗಿ
೮ ಏಪ್ರಿಲ್

ದೀಪಾಲಿಗೆ,

ನಿನ್ನ ಪತ್ರ ನಾಲ್ಕು ಸಲ ಓದಿದೆ. ಊಟ ಸೇರಲಿಲ್ಲ. ಬೇಕಾದರೆ ನೀನು ಇಲ್ಲಿಗೆ ಬಂದುಬಿಡು, ಇರುವ ಎರಡು ರೊಟ್ಟಿಯಲ್ಲಿ ಒಂದು ನಿನಗೆ. ಓಡುವುದೂ ಬೇಡ, ಪೊಲೀಸ್ ಆಗುವುದೂ ಬೇಡ ಎಂದು ಬರೆಯಬೇಕೆಂದಿದ್ದೆ. ಬರೆದು, ಹರಿದು, ಮತ್ತೆ ಇದನ್ನು ಬರೆಯುತ್ತಿದ್ದೇನೆ. ಯಾಕೆಂದರೆ ಮೂರು ನಿಮಿಷದ ಒಳಗೆ ಓಡುತ್ತೇನೆಂದು ನೀನು ಬರೆದ ಸಾಲನ್ನೂ ನಾಲ್ಕು ಸಲ ಓದಿದೆ.

ಓಟದ ದಿನ ೨೬ ಏಪ್ರಿಲ್, ಸಾಂಗ್ಲಿಯ ಮೈದಾನ, ಮುಂಜಾನೆ ಐದಕ್ಕೆ ಬಾಗಿಲಲ್ಲಿ ಇರಬೇಕು. ಅಂದರೆ ಹಿಂದಿನ ದಿನವೇ ಹೋಗಬೇಕು. ಹಾಲ್ ಟಿಕೆಟ್ಟು ಇದರ ಜೊತೆಗೇ ಇಟ್ಟಿದ್ದೇನೆ. ಅದಿಲ್ಲದೆ ಒಳಗೆ ಬಿಡುವುದಿಲ್ಲ, ಕಳೆಯಬೇಡ. ಮನೆಯಿಂದ ಹೇಗೆ ಹೊರಡುತ್ತೀ ಎಂಬುದಕ್ಕೆ ನನ್ನ ಹತ್ತಿರ ಮೊದಲ ಸಲ ಯುಕ್ತಿ ಇಲ್ಲ.

ಆ ಮೂರು ಸಾವಿರದ ಮಾತು. ಮತ್ತೆ ಕೂಡಿಸಿ ನೋಡಿದೆ. ಹನ್ನೊಂದು ಇರಬೇಕು. ಕೂಡಿಸುವಾಗ ತಪ್ಪಾಗಿತ್ತು.

ಶಿದ್ರಾಯ

ಪತ್ರ ಪೆಟ್ಟಿಗೆಗೆ ಹಾಕುವ ಮೊದಲು ಒಂದು ಮಾತು ತಲೆಗೆ ಬಂತು. ಹಾಲ್ ಟಿಕೆಟ್ಟು ಮರಾಠಿಯಲ್ಲಿದೆ. ಮೇಲೆ ನಿನ್ನ ಫೋಟೋ ಇದೆ. ಆದರೆ ಟಪಾಲು ಹೊರಡುವ ಹೊತ್ತಾಗಿದೆ, ಬೇರೆ ದಾರಿ ಇಲ್ಲ. ಲಕೋಟೆಯ ಮೇಲೆ ಕನ್ನಡದಲ್ಲಿ ದಾನಮ್ಮನ ಪದಗಳು ಎಂದು ದೊಡ್ಡದಾಗಿ ಬರೆದಿದ್ದೇನೆ. ಯಾರೂ ತೆರೆಯಲಾರರು.


ಯಳವಿ
೨೦ ಏಪ್ರಿಲ್

ಮಾಮಾ,

ಲಕೋಟೆ ತೆರೆದೇ ನನ್ನ ಕೈಗೆ ಬಂತು. ಒಳಗೆ ನಿನ್ನ ಪತ್ರ ಇತ್ತು. ಹಾಲ್ ಟಿಕೆಟ್ಟು ಇರಲಿಲ್ಲ.

ನಾನು ಮಾಳದಿಂದ ಬಂದಾಗ ಲಕೋಟೆ ಅಡಿಗೆಮನೆಯ ಗೂಡಿನಲ್ಲಿತ್ತು. ಮಾವನವರು ಹೊರಸಿನ ಮೇಲೆ ಪೇಪರು ಓದುತ್ತಿದ್ದರು, ಅತ್ತೆ ರೊಟ್ಟಿ ಬಡಿಯುತ್ತಿದ್ದರು. ಪತ್ರ ಯಾರು ತೆರೆದರು ಎಂದು ಕೇಳಲು ನನಗೆ ಧೈರ್ಯ ಬರಲಿಲ್ಲ. ಕಸದಲ್ಲಿ ಹುಡುಕಿದೆ, ನೀರೊಲೆಯ ಬೂದಿಯನ್ನು ಕೆದಕಿದೆ. ಬೂದಿಯಲ್ಲಿ ಕಾಗದದ ಚೂರು ಇತ್ತು, ಯಾವ ಕಾಗದ ಎಂದು ತಿಳಿಯಲಿಲ್ಲ.

ಐದು ದಿನದಿಂದ ಮಾವನವರು ನನ್ನ ಕಡೆ ನೋಡಿದಾಗಲೆಲ್ಲ ಇವತ್ತೇ ಎಂದುಕೊಳ್ಳುತ್ತೇನೆ. ರಾತ್ರಿ ಇವರು ಕರಾಡದಿಂದ ಫೋನು ಮಾಡಿದರು. ಸ್ಪೀಕರಿನಲ್ಲಿ ಅವರ ದನಿ ಕೇಳಿ ನನಗೆ ಅಳು ಬಂತು, ಕೆಮ್ಮಿ ಮುಚ್ಚಿಕೊಂಡೆ.

ಇವತ್ತು ಮುಂಜಾನೆ ಅತ್ತೆ ಮಾವನವರ ಎದುರಿಗೇ ಹೇಳಿದರು, "ಶುಕ್ರವಾರ ನಾನೂ ದೀಪಾಲಿ ಗುಡ್ಡಾಪುರಕ್ಕ ಹೋಗಿ ಎರಡ ದಿನ ವಸ್ತಿ ಮಾಡಿ ಬರ್ತೀವಿ. ಹರಕಿ ಐತಿ." ಮಾವನವರು ಹೂಂ ಎಂದರು. ಶುಕ್ರವಾರ ಎಂದರೆ ೨೫. ಏನು ಹರಕೆ ಎಂದು ಅತ್ತೆ ಒಬ್ಬರೇ ಸಿಕ್ಕಾಗ ಕೇಳಿದೆ. "ದೇವಿ ಮುಂದ ಗೊತ್ತಾಗ್ತದ," ಎಂದರು.

ದೇವಿಯ ಮುಂದೆ ನಿಲ್ಲಿಸಿ ಆಣೆ ಮಾಡಿಸುತ್ತಾರೆ, ಮಾಮಾ. ಆಣೆ ಮಾಡಿ ನಾನು ಸುಳ್ಳು ಹೇಳಲಾರೆ. ಹಾಲ್ ಟಿಕೆಟ್ಟು ಇಲ್ಲ, ಇನ್ನು ಓಟವೂ ಇಲ್ಲ. ೨೬ರ ಮುಂಜಾನೆ ನಾನು ಗುಡ್ಡಾಪುರದಲ್ಲಿ ಇರುತ್ತೇನೆ. ಮುಂದೆ ನನ್ನ ಪತ್ರ ಬರದಿದ್ದರೆ ಯಳವಿಗೆ ಬಂದು ನನ್ನನ್ನು ಕರೆದುಕೊಂಡು ಹೋಗು.

ದೀಪಾಲಿ


ಯಳವಿ
೨೯ ಏಪ್ರಿಲ್

ಬೀಗರಾದ ಶಿದ್ರಾಯಣ್ಣನವರಿಗೆ ಬೀರವ್ವ ಬರೆಯುವುದು.

ಅಕ್ಷರ ದೊಡ್ಡದಾಗಿವೆ, ತಿದ್ದಿ ಓದಿಕೊಳ್ಳಿರಿ. ಮೂವತ್ತನಾಲ್ಕು ವರ್ಷದ ಮೇಲೆ ಪೆನ್ನು ಹಿಡಿದೀನಿ.

ನನ್ನ ತವರು ತಿಕೋಟಾದ ಹತ್ತಿರ. ಅಲ್ಲಿಯ ಕನ್ನಡ ಸಾಲಿಯಲ್ಲಿ ನಾಲ್ಕನೇ ಇಯತ್ತೆ ಪಾಸು ನಾನು. ಓದುವುದರಲ್ಲಿ ಮೊದಲ ನಂಬರು. ಮದುವೆಯಾಗಿ ಈ ಕಡೆ ಬಂದೆ. ಇಲ್ಲಿ ಬಸ್ಸಿನ ಬೋರ್ಡು, ರೇಷನ್ ಕಾರ್ಡು, ಪಾಸಬುಕ್ಕು ಎಲ್ಲ ಮರಾಠಿ. ಮೊದಲ ವರ್ಷ ಒಂದು ಕಾಗದಕ್ಕೆ ಸಹಿ ಮಾಡು ಎಂದರು, ಕನ್ನಡದಲ್ಲಿ ಮಾಡಿದೆ. ಇದು ನಡಿಯೂದಿಲ್ಲ, ಹೆಬ್ಬೆಟ್ಟು ಒತ್ತು ಎಂದರು. ಆ ದಿನದಿಂದ ನಾನು ಅಡಾಣಿ, ಓದುಬರಹ ಬಾರದವಳು. ಅಡಾಣಿ ಅಲ್ಲ ಎಂದು ಯಾರಿಗೂ ಹ್ಯಾಂಗ ಹೇಳಲಿ? ನನ್ನ ಮಕ್ಕಳಿಗೂ ಹೇಳಲಿಲ್ಲ.

ನಿಮ್ಮ ಮೊದಲ ಪತ್ರ ಕೈಗೆ ಬಂದಾಗ ನಾನು ಅಕ್ಷರ ನೋಡುತ್ತಾ ನಿಂತೆ. ಜಗಳದ ಸುದ್ದಿಯೋ ಮದುವೆಯ ಸುದ್ದಿಯೋ ನನಗೆ ಬೇಕಿರಲಿಲ್ಲ, ಓದಲು ಬರುತ್ತದೋ ಇಲ್ಲವೋ ಎಂದು ನೋಡಬೇಕಿತ್ತು. ಬಂತು. ದೀಪಾಲಿ ಮಾಳಕ್ಕೆ ಹೋದ ಮೇಲೆ ಜೋಳದ ಡಬ್ಬಿಯಿಂದ ತೆಗೆದು ಮತ್ತೆ ಓದಿದೆ. ಕನ್ನಡದ ಅಕ್ಷರವೂ ಜಿಲೇಬಿಯೂ ನನಗೆ ಒಂದೇ ಎಂದು ಬರೆದಿದ್ದಿರಿ. ಜಿಲೇಬಿ ಭಾಳ ರುಚಿ ಇತ್ತು, ಅಣ್ಣ.

ಸಿಟ್ಟು ಬರಲಿಲ್ಲ ಎಂದು ಸುಳ್ಳು ಹೇಳುವುದಿಲ್ಲ. ಮನೆಯ ಸೊಸೆ ಕಳ್ಳಿಯಂತೆ ಓಡುತ್ತಾಳೆ ಎಂದು ಒಂದು ದಿನ ಉರಿದುಕೊಂಡೆ. ಆದರೆ ಸುನಿತಾಳ ಪುಸ್ತಕ ಒಲೆಗೆ ಹಾಕಿದವರು ನಮ್ಮ ಯಜಮಾನರಾದರೂ ಬೆಂಕಿ ಊದಿದವಳು ನಾನು. ಅವು ಮರಾಠಿ ಪುಸ್ತಕ, ನನಗೆ ಅದರಲ್ಲಿ ಏನಿತ್ತೋ ತಿಳಿಯುತ್ತಿರಲಿಲ್ಲ. ತಿಳಿಯದ ಕಾಗದ ಲಗೂನ ಸುಡುತ್ತದೆ. ನಿಮ್ಮ ಪತ್ರ ನನಗೆ ತಿಳಿಯುತ್ತಿತ್ತು.

ಅದಕ್ಕೇ ಶೇಂಗಾ ನೆನೆಸಿದೆ. ದೀಪಾಲಿಗೆ ಹೇಳಬೇಕಿತ್ತು. ಹೇಳಿದರೆ ಪತ್ರ ನಿಲ್ಲುತ್ತವೆ, ಇಲ್ಲವೆ ಡಬ್ಬಿಯಿಂದ ಬೇರೆ ಕಡೆ ಇಡುತ್ತಾಳೆ ಎಂದು ಸುಮ್ಮನಿದ್ದೆ. ಆ ಕೂಸು ನನ್ನಿಂದ ಎಷ್ಟು ಅಂಜಿತು ಎಂಬುದನ್ನು ಆಕೆಯ ಬಾಯಿಂದ ಮೊನ್ನೆ ಕೇಳಿದೆ. ಅದು ನನ್ನ ತಪ್ಪು.

ಮರಾಠಿ ಕಾಗದದ ಲಕೋಟೆ ಟಪಾಲಿನವನಿಂದ ನಾನೇ ಇಸಿದುಕೊಂಡೆ. ಕೈಗೆ ದಪ್ಪ ಹತ್ತಿತು, ತೆರೆದೆ. ಒಳಗೆ ಆಕೆಯ ಫೋಟೋ ಇತ್ತು. ಅವರು ಹಿಂದೆಯೇ ಬರುತ್ತಿದ್ದರು. ಕಾಗದವನ್ನು ಎಲೆಅಡಿಕೆಯ ಚಂಚಿಯಲ್ಲಿ ಮಡಚಿ ಇಟ್ಟೆ. ಹತ್ತು ದಿನ ಅದು ನನ್ನ ಸೊಂಟದಲ್ಲೇ ಇತ್ತು. ಮಲಗುವಾಗಲೂ ತೆಗೆಯಲಿಲ್ಲ.

ಶುಕ್ರವಾರ ಜತ್ತದ ಬಸ್ ಸ್ಟ್ಯಾಂಡಿನಲ್ಲಿ ಆಕೆ ಗುಡ್ಡಾಪುರದ ಬಸ್ಸಿನ ಕಡೆ ಹೊರಟಳು. ನಾನು ಕೈ ಹಿಡಿದು, "ಈ ಬೋರ್ಡ ನನಗ ಓದಾಕ ಬರೂದಿಲ್ಲ. ಸಾಂಗ್ಲಿ ಬಸ್ ಯಾವುದವ್ವಾ?" ಎಂದೆ. ಚಂಚಿ ತೆಗೆದು ಕಾಗದ ಕೊಟ್ಟೆ. ಬಣವೆಯಿಂದ ತೆಗೆದ ಬೂಟೂ ಓಡುವ ಅರಿವೆಯೂ ನನ್ನ ಗಂಟಿನಲ್ಲಿದ್ದವು. ಕಾಗದಕ್ಕೆ ಎಲೆಯ ಕಲೆ ಆಗಿತ್ತು. ಆಕೆ ಅಲ್ಲೇ ಕುಳಿತುಬಿಟ್ಟಳು. ನಿಮ್ಮ ಪತ್ರದ ಸಾಲನ್ನು ನಾನು ಬಾಯಿಪಾಠ ಹೇಳಿದೆ. ಕೈಯಿಂದ ಎಸೆಯಬೇಡ, ಸೊಂಟದಿಂದ ಎಸೆ ಎಂದೆ. ಆಗ ನಂಬಿದಳು.

ಮೈದಾನದೊಳಗೆ ನನ್ನನ್ನು ಬಿಡಲಿಲ್ಲ. ಆಕೆಯ ಸೀರೆ, ಕರಿಮಣಿ, ಬಳೆ ನನ್ನ ಉಡಿಯಲ್ಲಿ ಇಟ್ಟುಕೊಂಡು ತಂತಿಯ ಬೇಲಿಯ ಹೊರಗೆ ನಿಂತೆ. ಪ್ಯಾಂಟು ಹಾಕಿದ ಹುಡುಗಿಯರಲ್ಲಿ ನನ್ನ ಸೊಸೆ ಯಾರು ಎಂದು ಮೊದಲು ಗುರುತೇ ಸಿಗಲಿಲ್ಲ. ಓಡುವಾಗ ಸಿಕ್ಕಿತು. ಮರಿ ಹಿಂದೆ ಬರುತ್ತವೆಯೋ ಎಂದು ಒಮ್ಮೆ ಹೊರಳಿ ನೋಡಿದಳು. ಆಕೆಯ ಮುಂದೆ ಇಬ್ಬರೇ ಇದ್ದರು. ಗುಂಡನ್ನೂ ಭಾಳ ದೂರ ಎಸೆದಳಂತೆ. ಬರವಣಿಗೆಯ ಪರೀಕ್ಷೆಗೆ ಕರೆಯುತ್ತಾರೋ ಇಲ್ಲವೋ, ಯಾದಿ ಬಂದ ಮೇಲೆ ತಿಳಿಯುತ್ತದೆ. ದೇವಿಯ ಹೆಸರಿನಲ್ಲಿ ಸುಳ್ಳು ಹೇಳಬಾರದು ಎಂದು ಬರುವಾಗ ಗುಡ್ಡಾಪುರಕ್ಕೆ ಹೋಗಿ ಕಾಯಿ ಒಡಿಸಿಯೇ ಬಂದೆವು. ಆಕೆ ಕಟ್ಟಿದ ಪದವನ್ನು ಅಲ್ಲಿ ಇಬ್ಬರೂ ಹಾಡಿದೆವು.

ಮನೆಗೆ ಬಂದು ಅವರಿಗೆ ನಾನೇ ಹೇಳಿದೆ. "ಸುಡೂದಿದ್ರ ಈ ಸಲ ಬೆಂಕಿ ನೀವ ಊದ್ರಿ. ನನಗ ಹೊಗಿ ತಡಿಯೂದಿಲ್ಲ," ಎಂದೆ. ಮೂರು ದಿನದಿಂದ ಮಾತಾಡಿಲ್ಲ. ಉಣ್ಣುತ್ತಾರೆ, ಮಾತಾಡುವುದಿಲ್ಲ. ನನಗೂ ಅಂಜಿಕೆ ಹೋಗಿಲ್ಲ, ಅಣ್ಣ. ಒಲೆಯಲ್ಲಿ ಕಾಗದ ಕಂಡರೆ ಬಗ್ಗಿ ನೋಡುತ್ತೇನೆ. ರಾಮಲಿಂಗನಿಗೆ ನಾನು ಹೇಳುತ್ತೇನೆ, ನಾನು ಹೆತ್ತವನು.

ಇನ್ನು ಬೋರಮಾಳ. ಅದು ನನ್ನ ಅವ್ವನದು, ನನ್ನ ಕೊರಳಿನಿಂದ ಆಕೆಯ ಕೊರಳಿಗೆ ಹೋದದ್ದು. ಪತ್ತಾರನ ಸುಳ್ಳು ದೀಪಾವಳಿಯ ತನಕ ನಡೆಯುತ್ತದೆ, ಮುಂದೆ ನಡೆಯುವುದಿಲ್ಲ. ಮೊದಲು ಮೂರು ಎಂದಿರಿ, ಆಮೇಲೆ ಹನ್ನೊಂದು ಎಂದಿರಿ. ಎರಡೂ ಪತ್ರ ನನ್ನ ಹತ್ತಿರ ಇವೆ. ಖರೆ ಎಷ್ಟು, ಬರೆಯಿರಿ. ಬಯ್ಯುವುದಿಲ್ಲ. ಎಷ್ಟು ಎಂದು ತಿಳಿದರೆ ಎಷ್ಟು ಮರಿ ಮಾರಬೇಕು ಎಂದು ತಿಳಿಯುತ್ತದೆ.

ಪತ್ರ ನಿಲ್ಲಿಸಬೇಡಿರಿ. ಇನ್ನು ಮೇಲೆ ನನ್ನ ಹೆಸರಿಗೆ ಬರೆಯಿರಿ.

ಬೀರವ್ವ
(ಇದು ನನ್ನ ಸಹಿ)


ಕರಜಗಿ
೫ ಮೇ

ಬೀರವ್ವಕ್ಕನವರಿಗೆ ಶಿದ್ರಾಯ ಮಾಡುವ ನಮಸ್ಕಾರ.

ನಿಮ್ಮ ಪತ್ರವನ್ನು ಟಪಾಲಿನವನ ಎದುರಿಗೇ ಒಡೆದೆ. ಅಕ್ಷರ ನೋಡಿದ ಕೂಡಲೇ ದೀಪಾಲಿಯದಲ್ಲ ಎಂದು ತಿಳಿಯಿತು. ಅವಳಿಗೆ ಏನೋ ಆಯಿತು, ಅದಕ್ಕೇ ಬೇರೆಯವರು ಬರೆದಿದ್ದಾರೆ ಎಂದುಕೊಂಡೆ. ಮೊದಲ ಸಾಲು ಮುಗಿಯುವ ತನಕ ನಾನು ನಿಂತೇ ಇದ್ದೆ, ಆಮೇಲೆ ಕುಳಿತೆ.

ನಾನೂ ಕನ್ನಡ ನಾಲ್ಕನೇ ಇಯತ್ತೆ ಮಾತ್ರ ಪಾಸು, ಅಕ್ಕ. ಐದನೆಯದರಲ್ಲಿ ಎರಡು ಸಲ ನಪಾಸಾಗಿ ಸಾಲಿ ಬಿಟ್ಟೆ. ಮೊದಲ ನಂಬರು ಎಂದೂ ಬಂದಿಲ್ಲ. ನಿಮ್ಮ ಅಕ್ಷರದಲ್ಲಿ ನಾನು ತಿದ್ದುವಂಥದ್ದು ಒಂದೂ ಸಿಗಲಿಲ್ಲ.

ಜಿಲೇಬಿಯ ಮಾತಿಗೆ ಕ್ಷಮೆ ಕೇಳುತ್ತೇನೆ. ದೀಪಾಲಿಗೆ ನೀವು ಕೊಟ್ಟ ಶೇಂಗಾಕ್ಕೆ ಏನು ಕೊಡಬೇಕು ಎಂದು ನನಗೆ ತಿಳಿಯುವುದಿಲ್ಲ. ನನ್ನ ಟಗರನ್ನು ಬಾಜಾರಕ್ಕೆ ಹೊಡೆದುಕೊಂಡು ಹೋಗಿದ್ದೆ. ಬಂದ ರೊಕ್ಕ ಅಡವಿನ ಅಂಗಡಿಯವನಿಗೆ ಕಟ್ಟಿದ್ದೇನೆ. ಉಳಿದದ್ದಕ್ಕೆ ದೀಪಾವಳಿಯ ತನಕ ಊರವರ ಕುರಿಯ ಉಣ್ಣೆ ಕತ್ತರಿಸುತ್ತೇನೆ. ನೀವು ಮರಿ ಮಾರಬೇಡಿರಿ.

ಖರೆ ಬರೆಯಿರಿ ಎಂದಿರಿ. ಎಂದೂ ಬರೆದು ರೂಢಿಯಿಲ್ಲ, ಆದ್ದರಿಂದ ಸಣ್ಣದರಿಂದ ಶುರು ಮಾಡುತ್ತೇನೆ. ಮೊದಲ ಪತ್ರದಲ್ಲಿ ತೋಳಗಳ ಮಾತು ಓದಿದ್ದೀರಿ. ಅವು ಮೂರಲ್ಲ, ಒಂದು. ತೋಳವೂ ಅಲ್ಲ, ಪಕ್ಕದ ಶಂಕರೆಪ್ಪನ ನಾಯಿ. ನಾನು ಬೈಯಲೂ ಇಲ್ಲ. ಬೇವಿನ ಮರ ಹತ್ತಿ ಕುಳಿತಿದ್ದೆ, ಶಂಕರೆಪ್ಪ ಬಂದು ಇಳಿಸಿದ. ಕೈಗೆ ನೆಟ್ಟ ಮುಳ್ಳೂ ಸುಳ್ಳು. ಆ ಹದಿನೈದು ದಿನ ಪತ್ರ ಬರೆಯಲು ಅಂಜಿಕೆಯಾಗಿತ್ತು.

ಬೋರಮಾಳಕ್ಕೆ ಬಂದ ರೊಕ್ಕದಲ್ಲಿ ಬೂಟಿಗೆ, ಪುಸ್ತಕಕ್ಕೆ, ಅರ್ಜಿಗೆ ಹೋದದ್ದು ಬಿಟ್ಟರೆ ಉಳಿದದ್ದೆಲ್ಲವನ್ನೂ ಆ ಬಿಳಿ ಕಾರಿನವನ ಕೈಯಲ್ಲಿ ಇಟ್ಟೆ. ಎಣಿಸಿ ಇಟ್ಟೆ. ಅವನು ನನ್ನನ್ನು ಸಾಹೇಬರೇ ಎಂದು ಕರೆದಿದ್ದ.

ಮೂರು ಸಾವಿರ ಅಲ್ಲ, ಅಕ್ಕ. ಹನ್ನೊಂದೂ ಅಲ್ಲ.

ಐವತ್ತೆಂಟು ಸಾವಿರದ ಐದುನೂರು.

ಶಿದ್ರಾಯ